ಸುದರ್ಶನ ಮೇಷ್ಟ್ರ ಫೋಟೋ

ಮಂಡಿ ಮೊಹಲ್ಲಾದಲ್ಲಿ ಬೆಲ್ಲದ ಸಗಟು ಅಂಗಡಿಗಳ ಸಾಲು ಮುಗಿದು, ಟ್ರಂಕು ಮಾಡುವವರ ಸುತ್ತಿಗೆಯ ಸದ್ದು ಶುರುವಾಗುವ ತಿರುವಿನಲ್ಲಿ ಗುರುಕಿರಣನ ಕಲರ್ ಲ್ಯಾಬ್ ಇತ್ತು. ಮುಂದೆ ಗಾಜಿನ ಕೌಂಟರು, ನಡುವೆ ಪ್ರಿಂಟು ಹಾಕುವ ಯಂತ್ರ, ಅದರ ಹಿಂದೆ ಒಂದು ಪುಟ್ಟ ಕೋಣೆ. ಆ ಕೋಣೆಯಲ್ಲಿ ಕಂಪ್ಯೂಟರಿನ ಮುಂದೆ ಅವನ ಸೋದರತ್ತೆ ಪ್ರೇಮಲೀಲಾ ಕೂರುತ್ತಿದ್ದರು. ಮೂವತ್ತು ವರ್ಷ ಕುಂಚ ಹಿಡಿದು ಫೋಟೋ ತಿದ್ದಿದ ಕೈ ಅವರದು. ಗಂಡ ಶಿವಮಲ್ಲಪ್ಪನವರು ಸ್ಟುಡಿಯೋ ನಡೆಸುತ್ತಿದ್ದಾಗ ಮೊಡವೆ ಅಳಿಸುವುದು, ನೆರೆತ ಮೀಸೆ ಕಪ್ಪಾಗಿಸುವುದು, ಒಮ್ಮೆಯೂ ಒಟ್ಟಿಗೆ ನಿಂತು ತೆಗೆಸಿಕೊಳ್ಳದ ಗಂಡ ಹೆಂಡಿರನ್ನು ಒಂದೇ ಚೌಕಟ್ಟಿಗೆ ತಂದು ನಿಲ್ಲಿಸುವುದು, ಎಲ್ಲ ಅವರ ಪಾಲಿನ ಕೆಲಸವಾಗಿತ್ತು. ಗಂಡ ತೀರಿಕೊಂಡ ಮೇಲೂ ಕೆಲವು ವರ್ಷ ಮನೆಯಲ್ಲಿ ಕೂತು ಹಳ್ಳಿಯ ಸ್ಟುಡಿಯೋಗಳಿಗೆ ಮಾಡಿಕೊಡುತ್ತಿದ್ದರು. ಆಮೇಲೆ ಕುಂಚದ ಕೆಲಸವೇ ನಿಂತುಹೋಯಿತು. ಆಗ ಗುರುಕಿರಣ ಬಂದು, “ಮನೇಲಿ ಕೂತು ಏನ್ಮಾಡ್ತೀರತ್ತೆ, ನಂಗೆ ನಿಮ್ಮ ಕಣ್ಣು ಬೇಕು” ಎಂದು ಲ್ಯಾಬಿಗೆ ಕರೆತಂದಿದ್ದ. ಅರವತ್ತು ದಾಟಿದವರಿಗೆ ಮೌಸ್ ಹಿಡಿಯುವುದನ್ನು ಕಲಿಸಿದ್ದ. ಮೊದಲ ಎರಡು ತಿಂಗಳು ಅವರು ಕೆಡಿಸಿದ್ದನ್ನೆಲ್ಲ, ಅವರು ಮನೆಗೆ ಹೋದ ಮೇಲೆ ತಾನೇ ಕೂತು ಸರಿಮಾಡಿಡುತ್ತಿದ್ದ. ಅದು ಅವರಿಗೆ ತಿಳಿದದ್ದು ಎಷ್ಟೋ ದಿನಗಳ ಮೇಲೆ.

2005ರ ಆಷಾಢದಲ್ಲಿ ಒಂದು ಮಧ್ಯಾಹ್ನ ಗುರುಕಿರಣ ಇಬ್ಬರು ಹೆಂಗಸರನ್ನು ಆ ಕೋಣೆಗೆ ಕರೆದುಕೊಂಡು ಬಂದ.

“ಅತ್ತೆ, ಇವರು ವಿಭಾ ಮೇಡಂ. ಇವರ ಮದುವೆ ಆಲ್ಬಮ್ಮು ನಾವೇ ಮಾಡಿದ್ದು. ಇವರು ಅವರ ತಾಯಿ, ವೇದವತಿಯವರು ಅಂತ. ಇಂಟರ್ನೆಟ್ಟಲ್ಲಿ ಒಂದು ಫೋಟೋ ಸಿಕ್ಕಿದೆಯಂತೆ. ಅಸಲಿಯೋ ನಕಲಿಯೋ ನೋಡ್ಬೇಕಂತೆ. ನಮ್ಮತ್ತೆ ಹತ್ತು ನಿಮಿಷದಲ್ಲಿ ಹೇಳ್ಬುಡ್ತಾರೆ ಅಂದೆ.”

“ಹತ್ತು ನಿಮಿಷ ಅಂತ ನೀನು ಹೇಳ್ದೆ, ನಾನು ಹೇಳ್ಲಿಲ್ಲ” ಎಂದರು ಪ್ರೇಮಲೀಲಾ. “ಕೂತ್ಕೊಳ್ಳಿ ಅಮ್ಮ.”

ಕೋಣೆಯಲ್ಲಿ ಇದ್ದದ್ದು ಎರಡೇ ಕುರ್ಚಿ. ಗುರುಕಿರಣ ತನ್ನ ಕೌಂಟರಿನ ಸ್ಟೂಲನ್ನು ತಂದಿಟ್ಟು, ಆ ದಿನವೆಲ್ಲ ನಿಂತೇ ಗಿರಾಕಿಗಳನ್ನು ನೋಡಿಕೊಂಡ.

ವೇದವತಿಯವರಿಗೂ ಅರವತ್ತರ ಹತ್ತಿರ. ಜಯಲಕ್ಷ್ಮಿಪುರಂನ ಮನೆ, ಕಾಲೇಜಿನಲ್ಲಿ ಗಣಿತ ಕಲಿಸಿ ನಿವೃತ್ತರಾದವರು. ಒತ್ತಿ ಬಾಚಿದ ಬಿಳಿ ಕೂದಲು, ಇಸ್ತ್ರಿ ಮಾಡಿದ ನೂಲಿನ ಸೀರೆ. ಆದರೆ ಸಿ.ಡಿ. ಇದ್ದ ಕವರನ್ನು ಕೊಡುವಾಗ ಅವರ ಬೆರಳು ಅದನ್ನು ಬಿಡಲಿಲ್ಲ. ಪ್ರೇಮಲೀಲಾ ಎಳೆದುಕೊಳ್ಳದೆ, ಕೈ ಚಾಚಿಕೊಂಡೇ ಕಾದರು.

“ನನ್ನ ತಮ್ಮ, ಸುದರ್ಶನ” ಎಂದರು ವೇದವತಿ. “ತೊಂಬತ್ತೊಂದರಲ್ಲಿ ಮನೆ ಬಿಟ್ಟು ಹೋದ.”

ಮಿಕ್ಕದ್ದನ್ನು ತಾಯಿಯೂ ಮಗಳೂ ಸೇರಿಸಿ ಹೇಳಿದರು. ತಂದೆ ತಾಯಿ ಬೇಗ ಹೋದದ್ದರಿಂದ ತಮ್ಮನನ್ನು ಸಾಕಿದವರು ಅಕ್ಕನೇ. ಅವನಿಗೆ ಚಿಕ್ಕಂದಿನಿಂದ ಮೂರ್ಛೆರೋಗ. ಪ್ರೈವೇಟ್ ಶಾಲೆಯಲ್ಲಿ ಮೇಷ್ಟ್ರಾಗಿದ್ದ. ಪಾಠದ ನಡುವೆ ಎರಡು ಸಲ ಬಿದ್ದದ್ದಕ್ಕೆ ಕೆಲಸ ಹೋಯಿತು. ಮದುವೆಯಾದರೆ ಸರಿಹೋಗುತ್ತಾನೆ ಎಂದು ಅಕ್ಕ ಹೆಣ್ಣು ಹುಡುಕಿದರು. ಕಾಯಿಲೆಯ ವಿಷಯ ಹೆಣ್ಣಿನ ಕಡೆಯವರಿಗೆ ಹೇಳಲಿಲ್ಲ. “ಹೇಳಿಬಿಡೋಣ ಅಕ್ಕ” ಎಂದು ಅವನು ಮೂರು ಸಲ ಅಂದಿದ್ದನಂತೆ. ನಿಶ್ಚಿತಾರ್ಥದ ದಿನ, ತಟ್ಟೆ ಬದಲಾಯಿಸುವ ಹೊತ್ತಿಗೆ ಸರಿಯಾಗಿ, ಅಷ್ಟು ಜನರ ಮುಂದೆ ಬಿದ್ದ. ಬಂದವರು ತಟ್ಟೆಗಳನ್ನು ಅಲ್ಲೇ ಬಿಟ್ಟು ಎದ್ದು ಹೋದರು.

“ಅವನಿಗೆ ಎಚ್ಚರ ಆದ ಮೇಲೆ ನಾನು ಒಂದು ಮಾತು ಅಂದೆ” ಎಂದರು ವೇದವತಿ.

“ಅಮ್ಮಾ, ಅದೆಲ್ಲ ಈಗ ಯಾಕೆ?”

“ಇರಲಿ ವಿಭಾ. ಇವರಿಗೆ ಗೊತ್ತಾಗಲಿ.” ಅವರು ಪ್ರೇಮಲೀಲಾ ಕಡೆಗೆ ತಿರುಗಿದರು. “‘ಇವತ್ತೊಂದು ದಿನ ತಡ್ಕೊಳ್ಳೋಕೆ ಆಗ್ಲಿಲ್ವೇನೋ ನಿನಗೆ’ ಅಂದೆ. ತಡೆದುಕೊಳ್ಳುವಂಥ ಕಾಯಿಲೆಯೇನು ಅದು? ಎಂ.ಎಸ್ಸಿ. ಓದಿದವಳು ನಾನು. ಎರಡು ದಿನ ಬಿಟ್ಟು, ಲೈಬ್ರರಿ ಪುಸ್ತಕ ವಾಪಸ್ ಕೊಟ್ಟು ಬರ್ತೀನಿ ಅಂತ ಹೋದ. ಪುಸ್ತಕ ಕೊಟ್ಟಿದ್ದ. ಲೈಬ್ರರಿಯವರು ಹೇಳಿದರು.”

ಪೇಪರಿನಲ್ಲಿ ಹಾಕಿಸಿದರು, ಠಾಣೆಗೆ ಅಲೆದರು. ತೊಂಬತ್ತಾರರಲ್ಲಿ ಒಬ್ಬಾತ ಒಂದು ಫೋಟೋ ಹಿಡಿದು ಬಂದ: ಹರಿದ್ವಾರದ ಸಾಧುಗಳ ನಡುವೆ ಸುದರ್ಶನ, ಮೈತುಂಬ ಕಾವಿ. ವೇದವತಿ ಹರಿದ್ವಾರಕ್ಕೆ ಹೋಗಿ ಹನ್ನೊಂದು ದಿನ ಆಶ್ರಮ ಆಶ್ರಮ ಸುತ್ತಿ ಬಂದರು. ಆಮೇಲೆ ತಿಳಿಯಿತು, ಪೇಪರಿನಲ್ಲಿ ಬಂದಿದ್ದ ಮುಖವನ್ನೇ ಕತ್ತರಿಸಿ ಬೇರೊಬ್ಬನ ಕತ್ತಿನ ಮೇಲೆ ಅಂಟಿಸಿದ್ದು ಎಂದು.

“ಅದಕ್ಕೇ ಭಯ” ಎಂದಳು ವಿಭಾ. ಅವಳು ಕಂಪ್ಯೂಟರ್ ಸಿಕ್ಕಿದಾಗಲೆಲ್ಲ ಮಾವನ ಹೆಸರನ್ನು ಇಂಗ್ಲಿಷಿನಲ್ಲಿ ನಾನಾ ಥರ ಹೊಡೆದು ಹುಡುಕುವವಳು. ಹೋದ ತಿಂಗಳು ಯಾರೋ ಅರ್ಧಂಬರ್ಧ ಮಾಡಿಬಿಟ್ಟಿದ್ದ ಒಂದು ಪುಟ ಸಿಕ್ಕಿತು. ‘ನಮ್ಮ ಮೇಷ್ಟ್ರುಗಳು’ ಎಂಬ ತಲೆಬರಹ, ಕೆಳಗೆ ನಾಲ್ಕು ಫೋಟೋ. ಒಂದರ ಅಡಿಯಲ್ಲಿ ‘ಸುದರ್ಶನ್ ಮೇಷ್ಟ್ರು’ ಎಂದಿತ್ತು. ಊರಿನ ಹೆಸರಿಲ್ಲ, ಶಾಲೆಯ ಹೆಸರಿಲ್ಲ. ಅಲ್ಲಿದ್ದ ವಿಳಾಸಕ್ಕೆ ಬರೆದ ಇ-ಮೇಲ್ ವಾಪಸಾಯಿತು. ಮುಂದಿನ ವಾರ ನೋಡಿದರೆ ಪುಟವೇ ಇಲ್ಲ. ಅವಳು ಮೊದಲ ದಿನವೇ ಉಳಿಸಿಕೊಂಡಿದ್ದ ಈ ಒಂದು ಫೈಲು ಮಾತ್ರ ಉಳಿದಿತ್ತು.

ಪ್ರೇಮಲೀಲಾ ಸಿ.ಡಿ. ಹಾಕಿ ಫೋಟೋ ತೆರೆದರು. ಅಂಗೈಯಷ್ಟು ಚಿತ್ರ. ಎದೆಯವರೆಗೆ ಮಾತ್ರ ಕತ್ತರಿಸಿ ಹಾಕಿದ್ದರು. ಕುರ್ಚಿಯಲ್ಲಿ ನೆಟ್ಟಗೆ ಕೂತ ನಲವತ್ತೈದರ ಗಂಡಸು, ಕೊರಳಲ್ಲಿ ದಪ್ಪ ಹೂವಿನ ಹಾರ, ಹೆಗಲ ಮೇಲೆ ಬಿಳಿ ಶಲ್ಯ, ಹಣೆಯಲ್ಲಿ ಅಗಲವಾದ ವಿಭೂತಿ, ಎದೆಯ ಮೇಲೆ ಇಷ್ಟಲಿಂಗದ ಕರಡಿಗೆ. ಎರಡೂ ಹೆಗಲ ಮೇಲೆ ಯಾರದೋ ಒಂದೊಂದು ಕೈ.

“ಯಾರೋ ಸನ್ಮಾನ ಮಾಡಿದಾರೆ ನೋಡಿ” ಎಂದರು ವೇದವತಿ. “ಎಷ್ಟು ಪ್ರೀತಿಯಿಂದ ಹೆಗಲು ಹಿಡಿದುಕೊಂಡಿದಾರೆ. ಮುಖ ನಮ್ಮ ಸುದರ್ಶನನದೇ, ಹುಬ್ಬಿನ ಮೇಲೆ ಬಿದ್ದ ಗಾಯ ಕೂಡ ಇದೆ. ಆದರೆ ನಮ್ಮ ಮನೇಲಿ ನಾಮ ಕಣಮ್ಮ. ವಿಭೂತಿ, ಲಿಂಗ… ಅದೇ ನನಗೆ ಅನುಮಾನ. ಮತ್ತೆ ಯಾರಾದರೂ ಅವನ ತಲೆ ತಂದು ಬೇರೆಯವರ ಮೈಗೆ ಇಟ್ಟಿದಾರಾ? ಅದೊಂದು ಹೇಳಿ. ಈ ತಲೆ ಈ ಮೈಯದ್ದೇನಾ?”

ಇಂಥ ಪ್ರಶ್ನೆ ಪ್ರೇಮಲೀಲಾಗೆ ನೀರು ಕುಡಿದಷ್ಟು ಸಲೀಸು. ಸಾವಿರ ತಲೆ ಅಂಟಿಸಿದವರಿಗೆ ಅಂಟಿಸಿದ ತಲೆ ಕಾಣದೆ ಇರುತ್ತದೆಯೆ? ಚಿತ್ರವನ್ನು ಹಿಗ್ಗಿಸಿ ಕತ್ತಿನ ಹತ್ತಿರ ಹೋದರು. ಅಂಟಿಸಿದ ಕಡೆ ಚರ್ಮದ ಅಂಚು ಕತ್ತರಿಯಷ್ಟು ಚೂಪಾಗಿರುತ್ತದೆ, ಇಲ್ಲವೆ ಅದನ್ನು ಮುಚ್ಚಲು ಮಸಕು ಮಾಡಿರುತ್ತಾರೆ. ಇಲ್ಲಿ ಎರಡೂ ಇರಲಿಲ್ಲ. ಗಲ್ಲದ ನೆರಳು ಹಾರದ ಮೇಲೆ ಎಡಕ್ಕೆ ಬಿದ್ದಿತ್ತು, ಮೂಗಿನ ನೆರಳೂ ಎಡಕ್ಕೆ. ಬಲಗಡೆ ಬಾಗಿಲೋ ಕಿಟಕಿಯೋ ಇರಬೇಕು. ತುಂಬ ಹಿಗ್ಗಿಸಿದಾಗ ಕಾಣುವ ಸಣ್ಣ ಸಣ್ಣ ಚೌಕಗಳೂ ಮುಖದಲ್ಲಿ ಹೇಗೋ ಎದೆಯಲ್ಲೂ ಹಾಗೇ ಇದ್ದವು. ಒಂದೊಂದನ್ನೂ ವೇದವತಿಯವರಿಗೆ ಬೆರಳಿಟ್ಟು ತೋರಿಸಿದರು. ಗಣಿತದ ಮೇಡಂ, ಕಾರಣ ಹೇಳದೆ ಉತ್ತರ ಕೊಟ್ಟರೆ ಒಪ್ಪುವವರಂತೆ ಕಾಣಲಿಲ್ಲ.

“ತಲೆ, ಮೈ ಎರಡೂ ಒಬ್ಬರದ್ದೇ” ಎಂದರು ಕೊನೆಗೆ. “ಅಂಟಿಸಿದ್ದಲ್ಲ ಅಮ್ಮ.”

ವೇದವತಿ ಬಾಯಿಗೆ ಸೆರಗು ಒತ್ತಿಕೊಂಡರು. ಆಮೇಲೆ ಮೌಸಿನ ಮೇಲಿದ್ದ ಪ್ರೇಮಲೀಲಾ ಕೈಯನ್ನು ಎತ್ತಿ ತಮ್ಮ ಕಣ್ಣಿಗೆ ಒತ್ತಿಕೊಂಡರು. “ಬದುಕಿದಾನೆ. ವಿಭಾ, ಬದುಕಿದಾನೆ ಕಣೇ! ನಾಮ ಇಟ್ಟರೇನು, ವಿಭೂತಿ ಇಟ್ಟರೇನು. ಕಣ್ಣು ನೋಡೇ. ಹೇಗೆ ನೋಡ್ತಿದಾನೆ ನೋಡು. ಇನ್ನೇನು ನಗಬೇಕು. ನನ್ನ ಮೇಲೆ ಅವನಿಗೆ ಕೋಪ ಇಲ್ಲ. ಕೋಪ ಇದ್ದವನ ಕಣ್ಣು ಹೀಗಿರುತ್ತಾ?”

ಕಣ್ಣು ಎಂದದ್ದಕ್ಕೆ ಪ್ರೇಮಲೀಲಾ ಚಿತ್ರವನ್ನು ಕತ್ತಿನಿಂದ ಮೇಲಕ್ಕೆ ಸರಿಸಿದರು. ಅಲ್ಲಿಯವರೆಗೆ ಅವರು ಕಣ್ಣನ್ನು ಹಿಗ್ಗಿಸಿ ನೋಡಿರಲಿಲ್ಲ.

ಎರಡು ಕಣ್ಣುಗಳಲ್ಲೂ ಬೆಳಕಿನ ಚುಕ್ಕೆ ಎಡಗಡೆ ಇತ್ತು.

ಬಲಗಡೆಯಿಂದ ಬೆಳಕು ಬೀಳುತ್ತಿರುವ ಮುಖದಲ್ಲಿ, ಕಣ್ಣಿನ ಚುಕ್ಕೆ ಮಾತ್ರ ಎಡಕ್ಕೆ. ರೆಪ್ಪೆಯ ಕೂದಲಿಗೆ ನೆರಳಿಲ್ಲ. ಕೆಳಗಿನ ರೆಪ್ಪೆಯ ಅಡಿಯಲ್ಲಿ ಕೂದಲೆಳೆಯಷ್ಟು ತೆಳ್ಳಗೆ ಒಂದು ಕಂದು ಗೆರೆ. ಆ ಗೆರೆ ಇದ್ದರೆ, ಕಣ್ಣು ಇನ್ನೇನು ನಗುತ್ತದೆ ಎನ್ನುವ ಹಾಗೆ ಕಾಣುತ್ತದೆ. ಅದು ಅವರಿಗೆ ಚೆನ್ನಾಗಿ ಗೊತ್ತಿತ್ತು. ಗೆರೆಯನ್ನು ಎಳೆದವರು ಅವರೇ.

“ಸಿ.ಡಿ. ಒಂದು ದಿನ ಬಿಟ್ಟು ಹೋಗಿ ಅಮ್ಮ” ಎಂದರು. “ಇನ್ನೂ ಒಂದೆರಡು ನೋಡೋದಿದೆ. ನಾಳೆ ಇದೇ ಹೊತ್ತಿಗೆ ಬನ್ನಿ. ಅಲ್ಲೀವರೆಗೂ ಯಾರಿಗೂ ಏನೂ ಹೇಳಬೇಡಿ.”

“ನೀವು ನೋಡೋದು ನೋಡಿ. ನನಗೆ ಬೇಕಾದ್ದು ಸಿಕ್ತು” ಎಂದರು ವೇದವತಿ. ಹೋಗುವಾಗ ಚೀಲದಿಂದ ಕೋಡುಬಳೆಯ ಪೊಟ್ಟಣ ತೆಗೆದು ಮೇಜಿನ ಮೇಲಿಟ್ಟರು. ಬಾಗಿಲು ದಾಟಿದವರು ತಿರುಗಿ ಬಂದು, ಗುರುಕಿರಣನಿಗೂ ನಾಲ್ಕು ಎತ್ತಿ ಕೊಟ್ಟು ಹೋದರು.

*

ಲಿಂಗವಂತರಲ್ಲಿ ಹೋದವರನ್ನು ಮಲಗಿಸುವುದಿಲ್ಲ. ಸ್ನಾನ ಮಾಡಿಸಿ, ವಿಭೂತಿ ಧರಿಸಿ, ಹಾರ ಹಾಕಿ ಕೂರಿಸುತ್ತಾರೆ. ಕೂತ ಹಾಗೇ ಮೆರವಣಿಗೆ, ಕೂತ ಹಾಗೇ ಮಣ್ಣಿಗೆ. ಹಿಂದೆ ಹಳ್ಳಿಗಳಲ್ಲಿ ಎಷ್ಟೋ ಜನ ಬದುಕಿರುವಾಗ ಒಂದೂ ಫೋಟೋ ತೆಗೆಸುತ್ತಿರಲಿಲ್ಲ. ಆ ದಿನವೇ ಸ್ಟುಡಿಯೋದವನನ್ನು ಕರೆಸುತ್ತಿದ್ದರು. ಮೈ ವಾಲದಂತೆ ಇಬ್ಬರು ಅಕ್ಕಪಕ್ಕ ನಿಂತು ಹೆಗಲು ಹಿಡಿದುಕೊಳ್ಳುತ್ತಿದ್ದರು. ಆ ಫೋಟೋ ಬಸ್ಸಿನಲ್ಲಿ ಮೈಸೂರಿಗೆ ಬರುತ್ತಿತ್ತು, ಹಿಂದೆ ಪೆನ್ಸಿಲಿನಲ್ಲಿ ಒಂದೇ ಮಾತು: ‘ಕಣ್ಣು ಬಿಡಿಸಿ.’

ಮೊದಲ ಸಲ ಪ್ರೇಮಲೀಲಾ ಆಗಲ್ಲ ಎಂದಿದ್ದರು. ಶಿವಮಲ್ಲಪ್ಪನವರು ಹೇಳಿದ್ದರು: “ಆ ಮನೆ ಮಕ್ಕಳಿಗೆ ತಾತನದು ಅಂತ ಇರೋದು ಇದೊಂದೇ ಫೋಟೋ. ಗೋಡೆ ಮೇಲಿನ ತಾತನ್ನ ಕಂಡು ಅವು ಹೆದರಬಾರದು. ಅಷ್ಟೇ ಕಣೇ.” ಆಮೇಲೆ ಅವರು ಬಿಡಿಸಿದ ಕಣ್ಣುಗಳಿಗೆ ಎಣಿಕೆ ಇರಲಿಲ್ಲ. ತಮ್ಮ ಸ್ಟುಡಿಯೋದ ದೀಪ ಎಡಗಡೆ ಇದ್ದದ್ದರಿಂದ ಚುಕ್ಕೆ ಯಾವಾಗಲೂ ಎಡಗಡೆ. ನಗುವಿಗೆ ಮುಂಚಿನ ಆ ಗೆರೆ ಎಲ್ಲರಿಗೂ. ಒಳ್ಳೆಯ ಕೆಲಸ ಎಂದೇ ನಂಬಿದ್ದರು. ಮನೆಯವರಿಗೆಲ್ಲ ಸತ್ಯ ಗೊತ್ತಿರುತ್ತಿತ್ತು, ಅದಕ್ಕೆ ಅದು ಸುಳ್ಳು ಅನಿಸಿರಲಿಲ್ಲ. ಸತ್ಯ ಗೊತ್ತಿಲ್ಲದವರ ಕಣ್ಣಿಗೆ ಆ ಫೋಟೋ ಒಂದು ದಿನ ಬೀಳುತ್ತದೆ ಎಂದು ಯಾರು ಎಣಿಸಿದ್ದರು?

ತೆರೆಯ ಮೇಲೆ ಸುದರ್ಶನರ ತಲೆಯ ಹಿಂದೆ ನೀಲಿ ಜಮಖಾನದ ಒಂದು ಮೂಲೆ ಕಾಣುತ್ತಿತ್ತು, ಹಳದಿ ಅಂಚಿನದು. ಆ ಜಮಖಾನವನ್ನು ಹಿಂದೆ ಕಟ್ಟಿ ಫೋಟೋ ತೆಗೆಯುತ್ತಿದ್ದವನು ಒಬ್ಬನೇ: ಗುಂಡ್ಲುಪೇಟೆ ದಾರಿಯ ಒಂದು ಸಣ್ಣ ಊರಿನಲ್ಲಿ ಸ್ಟುಡಿಯೋ ಇಟ್ಟಿದ್ದ ಚಿಕ್ಕಣ್ಣ. ಪ್ರೇಮಲೀಲಾ ಕೌಂಟರಿಗೆ ಬಂದು ಫೋನು ಹಚ್ಚಿದರು.

“ಅಮ್ಮಾವ್ರಾ! ಎಂಗಿದೀರಿ? ಕಂಪ್ಯೂಟ್ರು ಬಂದ್ಮೇಲೆ ಈ ಬಡವನ್ನ ಮರ್ತೇಬುಟ್ರಿ ಅನ್ಕಂಡಿದ್ದೆ.”

“ಚಿಕ್ಕಣ್ಣ, ಒಬ್ಬ ಮೇಷ್ಟ್ರದು ಫೋಟೋ ನೀನು ನಂಗೆ ಕಳಿಸಿದ್ದೆ. ಬಿಳೀ ಶಲ್ಯ, ಹುಬ್ಬಿನ ಮೇಲೆ ಗಾಯದ ಗುರುತು.”

“ಸುದರ್ಶನ್ ಮೇಷ್ಟ್ರಾ? ನಮ್ಮೂರ ಮಠದ್ ಹಾಸ್ಟೆಲ್ನೋರು. ಓಗ್ಬುಟ್ರಲ್ಲಮ್ಮ, ಎರಡು ವರ್ಸದ ಮೇಲಾಯ್ತು. ರಾತ್ರಿ ಉಂಡು ಮಲಗ್ದೋರು ಬೆಳಗ್ಗೆ ಏಳ್ಲಿಲ್ಲ. ಯಾಕೆ, ಏನಾಯ್ತು?”

ಪ್ರೇಮಲೀಲಾ ಕುರ್ಚಿ ಹುಡುಕಿದರು. ಗುರುಕಿರಣ ಸ್ಟೂಲು ತಳ್ಳಿದ. ಚಿಕ್ಕಣ್ಣ ಹೇಳುತ್ತ ಹೋದ, ಅವರು ಕೇಳುತ್ತ ಕೂತರು. ಕೇಳಿದ್ದನ್ನೆಲ್ಲ ಬಿಲ್ಲಿನ ಹಾಳೆಯ ಹಿಂದೆ ಗುರುತು ಹಾಕಿಕೊಂಡರು, ನಾಳೆ ಒಂದು ಮಾತೂ ತಪ್ಪಿಹೋಗಬಾರದೆಂದು.

ಫೋನು ಇಟ್ಟ ಮೇಲೆ ಗುರುಕಿರಣನಿಗೆ ವಿಷಯ ಹೇಳಿದರು. ಅವನು ಬಟ್ಟೆ ತೆಗೆದುಕೊಂಡು ಕೌಂಟರಿನ ಗಾಜು ಒರೆಸಿದ.

“ಅತ್ತೆ, ಒಂದ್ಮಾತು ಹೇಳ್ಲಾ? ಅವರು ಕೇಳಿದ್ದು ತಲೆ ಅಂಟಿಸಿದಾರಾ ಅಂತ. ಅದಕ್ಕೆ ಉತ್ತರ ಕೊಟ್ಟಾಯ್ತು. ಮಠದ ವಿಳಾಸ ಕೊಟ್ಬುಡಿ. ಮಿಕ್ಕಿದ್ದು ಅಲ್ಲಿ ಹೋಗಿ ತಿಳ್ಕೋತಾರೆ. ನಿಮ್ಮ ಬಾಯಲ್ಲಿ ಯಾಕೆ?”

ಪ್ರೇಮಲೀಲಾಗೂ ಆ ಆಸೆ ಬಂದಿತ್ತು. ವಿಳಾಸ ಬರೆದ ಚೀಟಿ ಕೊಟ್ಟು ಕೈ ಮುಗಿದುಬಿಡುವುದು ಎಷ್ಟು ಹಗುರ. “ಬೇಡ ಕಣೋ” ಎಂದರು. “ಆಯಮ್ಮ ಬಸ್ಸಿಳಿದು, ಆ ಗೇಟಿನ ಹತ್ರ ನಿಂತು, ನನ್ನ ತಮ್ಮ ಎಲ್ಲಿ ಅಂತ ಯಾರನ್ನೋ ಕೇಳಬೇಕಾ? ಕಣ್ಣು ಬರೆದವಳು ನಾನು. ನಾನೇ ಹೇಳ್ತೀನಿ.”

*

ಮಾರನೆಯ ದಿನ ವೇದವತಿ ಹೇಳಿದ್ದಕ್ಕಿಂತ ಅರ್ಧ ಗಂಟೆ ಮುಂಚೆ ಬಂದರು. ಕೈಯಲ್ಲಿ ಒಂದು ನೋಟ್‌ಬುಕ್ಕು. ವಿಭೂತಿ ಇಟ್ಟ ಮೇಷ್ಟ್ರು ಎಂದ ಮೇಲೆ ಮಠದಲ್ಲೇ ಇರಬೇಕೆಂದು, ಮೈಸೂರಿನ ಸುತ್ತಮುತ್ತ ಯಾವ ಯಾವ ಮಠದವರು ಶಾಲೆ, ಹಾಸ್ಟೆಲ್ ನಡೆಸುತ್ತಾರೆ ಎಂದು ತಾಯಿ ಮಗಳು ಕೂತು ಪಟ್ಟಿ ಮಾಡಿದ್ದರು, ದಾರಿಗೆ ಅನುಕೂಲವಾಗುವ ಕ್ರಮದಲ್ಲಿ. ಭಾನುವಾರಕ್ಕೆ ಕಾರು ಹೇಳಿಯಾಗಿತ್ತು.

“ಸುತ್ತಬೇಕಾಗಿಲ್ಲ ಅಮ್ಮ. ಯಾವ ಊರು ಅಂತ ಗೊತ್ತಾಗಿದೆ” ಎಂದರು ಪ್ರೇಮಲೀಲಾ.

“ಗೊತ್ತಾಯ್ತಾ! ಎಲ್ಲಿ?”

“ಇಲ್ಲಿಂದ ಬಸ್ಸಲ್ಲಿ ಒಂದೂವರೆ ಗಂಟೆ.”

“ಒಂದೂವರೆ ಗಂಟೆ” ಎಂದರು ವೇದವತಿ. “ನಾನು ಹರಿದ್ವಾರಕ್ಕೆ ಹೋಗಿದ್ದೆ.” ನಗಲು ನೋಡಿದರು. ಆದರೆ ಪ್ರೇಮಲೀಲಾ ನಗಲಿಲ್ಲ. ಹೊರಗೆ ಗುರುಕಿರಣ ಯಂತ್ರ ನಿಲ್ಲಿಸಿದ. ಕೌಂಟರಿನ ಹತ್ತಿರ ಬಂದಿದ್ದ ಗಿರಾಕಿಗೆ ತಗ್ಗಿದ ದನಿಯಲ್ಲಿ, “ಸಾಯಂಕಾಲ ಬನ್ನಿ ಸಾರ್, ಮನೇಲಿ ಸ್ವಲ್ಪ ಕಷ್ಟ” ಎನ್ನುವುದು ಕೇಳಿಸಿತು.

“ನಿಮ್ಮ ತಮ್ಮನೇ ಅಮ್ಮ. ಅದರಲ್ಲಿ ಅನುಮಾನ ಇಲ್ಲ” ಎಂದು ಪ್ರೇಮಲೀಲಾ ಶುರುಮಾಡಿದರು. “ನಮ್ಮಲ್ಲಿ… ನಮ್ಮಲ್ಲಿ ಹೋದವರನ್ನ ಮಲಗಿಸಲ್ಲ. ಹಾರ ಹಾಕಿ ಕುರ್ಚೀಲಿ ಕೂರಿಸ್ತೀವಿ.”

ಮೊದಲು ಅರ್ಥವಾದದ್ದು ವಿಭಾಳಿಗೆ. ಅವಳು ತಾಯಿಯ ಬೆನ್ನ ಹಿಂದೆ ಬಂದು ನಿಂತಳು. ವೇದವತಿ ಅರ್ಥವಾಗದೆ, ಅಥವಾ ಅರ್ಥ ಮಾಡಿಕೊಳ್ಳಲು ಒಲ್ಲದೆ, ತೆರೆಯ ಮೇಲಿನ ಚಿತ್ರವನ್ನೇ ನೋಡುತ್ತಿದ್ದರು.

“ಕಣ್ಣು ಬಿಟ್ಟಿದಾನಲ್ಲ” ಎಂದರು.

“ಆ ಕಣ್ಣು ನಾನು ಬರೆದದ್ದು.”

ಪಕ್ಕದ ಅಂಗಡಿಯಲ್ಲಿ ಟ್ರಂಕಿನ ತಗಡು ಬಡಿಯುತ್ತಿದ್ದರು. ಆ ಸದ್ದು ನಿಂತು, ಮತ್ತೆ ಶುರುವಾಯಿತು.

“ನಿನ್ನೆ ನೀವು ಅಂಟಿಸಿದ್ದಲ್ಲ ಅಂದ್ರಿ.”

“ಅಂಟಿಸಿದ್ದಲ್ಲ. ಮುಖ ಅವರದ್ದು, ಮೈ ಅವರದ್ದು, ಹಾರ, ವಿಭೂತಿ ಎಲ್ಲ ನಿಜ. ಕಣ್ಣು ಮಾತ್ರ ನನ್ನದು. ನಿನ್ನೆ ನೀವು ಕಣ್ಣು ಅಂದ ಮೇಲೇ ನಾನು ನೋಡಿದ್ದು. ಅಷ್ಟರಲ್ಲಿ ಹೇಳಿಬಿಟ್ಟಿದ್ದೆ. ಅದು ನನ್ನ ತಪ್ಪು ಅಮ್ಮ.”

“ಹಾಗಾದರೆ ಆ ನೋಟ?” ವೇದವತಿಯವರ ದನಿ ಕ್ಲಾಸಿನಲ್ಲಿ ಲೆಕ್ಕ ಕೇಳುವವರ ಹಾಗೆ ಸ್ಪಷ್ಟವಾಗಿತ್ತು. “ಅವನು ನನ್ನ ನೋಡ್ತಿದಾನೆ ಅಂದುಕೊಂಡೆನಲ್ಲ, ಕೋಪ ಇಲ್ಲ ಅಂದುಕೊಂಡೆನಲ್ಲ, ಅದು?”

ಸುಳ್ಳು ಹೇಳಲು ಪ್ರೇಮಲೀಲಾಗೆ ಇನ್ನೂ ಜಾಗವಿತ್ತು. “ಎಲ್ಲರಿಗೂ ನಾನು ಅದೇ ನೋಟ ಬರೀತಿದ್ದೆ” ಎಂದರು.

ವೇದವತಿ ಅಳಲಿಲ್ಲ. ನೋಟ್‌ಬುಕ್ಕನ್ನು ಮುಚ್ಚಿ ಮಡಿಲಲ್ಲಿಟ್ಟುಕೊಂಡು, ಅದರ ಅಂಚನ್ನು ಬೆರಳಿನಿಂದ ಒತ್ತಿ ಒತ್ತಿ ಸಮ ಮಾಡುತ್ತಿದ್ದರು. ಗುರುಕಿರಣ ಟೀ ತಂದಿಟ್ಟು, ಯಾರ ಮುಖವನ್ನೂ ನೋಡದೆ ಹೋದ. ಟೀ ಕೆನೆಗಟ್ಟಿತು. ವಿಭಾ ತಾಯಿಯ ಹೆಗಲ ಮೇಲೆ ಕೈಯಿಟ್ಟಿದ್ದಳು. ತೆರೆಯ ಮೇಲೂ ಹೆಗಲ ಮೇಲಿನ ಕೈಗಳು ಕಾಣುತ್ತಿದ್ದವು. ಅವಳು ಏನೋ ಹೊಳೆದವಳಂತೆ ಕೇಳಿದಳು, “ಆ ಕೈಗಳು… ಬೀಳದೆ ಇರಲಿ ಅಂತ ಹಿಡಿದಿರೋದಾ?”

“ಹೌದಮ್ಮ. ಒಂದು ಅಡಿಗೆಯವರದ್ದು, ಇನ್ನೊಂದು ಅಲ್ಲಿ ಓದಿ ಈಗ ಕಂಡಕ್ಟರ್ ಆಗಿರೋರದ್ದಂತೆ. ಡ್ಯೂಟಿ ಬಿಟ್ಟು ಬಂದಿದ್ದರಂತೆ. ಫೋಟೋ ಆದ್ಮೇಲೂ ಕೈ ತೆಗೀಲಿಲ್ಲವಂತೆ, ಎರಡು ಗಂಟೆ ಹೊತ್ತು.”

ಆಮೇಲೆ ಪ್ರೇಮಲೀಲಾ ಬಿಲ್ಲಿನ ಹಾಳೆ ತೆಗೆದು, ಚಿಕ್ಕಣ್ಣ ಹೇಳಿದ್ದನ್ನು ಒಂದೊಂದಾಗಿ ಹೇಳಿದರು. ತೊಂಬತ್ತೊಂದರ ಮಳೆಗಾಲದಲ್ಲಿ ಒಬ್ಬ ಮನುಷ್ಯ ಬಸ್‌ ಸ್ಟ್ಯಾಂಡಿನಲ್ಲಿ ಮೂರ್ಛೆ ಬಂದು ಬಿದ್ದಿದ್ದ. ಮಠದವರು ಎತ್ತಿಕೊಂಡು ಹೋದರು. ಎಚ್ಚರವಾದ ಮೇಲೆ, ಲೆಕ್ಕ ಕಲಿಸಬಲ್ಲೆ ಎಂದ. ಮಠದ ಶಾಲೆಯಲ್ಲಿ ಕಲಿಸುತ್ತ, ಹಾಸ್ಟೆಲಿನಲ್ಲೇ ಉಳಿದ. ಕೆಲವು ವರ್ಷ ಬಿಟ್ಟು, ತಾನೇ ಕೇಳಿ ಲಿಂಗ ಕಟ್ಟಿಸಿಕೊಂಡ. ಕ್ಲಾಸಿನಲ್ಲಿ ಬೀಳುತ್ತಿದ್ದದ್ದುಂಟು. ಆಗ ಹುಡುಗಿಯೊಬ್ಬಳು ಓಡಿಬಂದು ತಲೆಯ ಕೆಳಗೆ ತನ್ನ ಚೀಲ ಇಡುವಳು. ಇನ್ನೊಬ್ಬಳು ಪುಸ್ತಕ ತೆಗೆದುಕೊಂಡು, ಮೇಷ್ಟ್ರು ನಿಲ್ಲಿಸಿದ್ದ ಸಾಲಿನಿಂದ ಗಟ್ಟಿಯಾಗಿ ಓದುವಳು. ಅವರು ಕಣ್ಣು ಬಿಟ್ಟಾಗ ಪಾಠ ನಡೆಯುತ್ತಲೇ ಇರಬೇಕು, ಏನೂ ಆಗಿಲ್ಲವೆಂಬಂತೆ. ಅವರಿಗೆ ನಾಚಿಕೆಯಾಗಬಾರದು. ಇದನ್ನು ಮಕ್ಕಳಿಗೆ ಯಾರೂ ಹೇಳಿಕೊಟ್ಟಿರಲಿಲ್ಲ.

“ಇನ್ನೊಂದು ಸಲ ಹೇಳಿ” ಎಂದರು ವೇದವತಿ.

ಪ್ರೇಮಲೀಲಾ ಇನ್ನೊಂದು ಸಲ ಹೇಳಿದರು.

“ಓದ್ತಾ ಇದ್ದರು” ಎಂದರು ವೇದವತಿ. “ಮಕ್ಕಳು. ನಾನೇನು ಮಾಡಿದೆ?” ಆಗ ಅವರ ಮುಖ ಒಡೆಯಿತು. ಅಷ್ಟು ಅಚ್ಚುಕಟ್ಟಾದ ಹೆಂಗಸು, ನೋಟ್‌ಬುಕ್ಕಿನ ಮೇಲೆ ಹಣೆಯಿಟ್ಟು ದನಿ ತೆಗೆದು ಅತ್ತರು. ವಿಭಾ ಅವರ ಬೆನ್ನು ಸವರಿದಳು. ಪ್ರೇಮಲೀಲಾ ಸಮಾಧಾನ ಹೇಳಲು ಹೋಗಲಿಲ್ಲ. ವೇದವತಿಯವರ ಚಪ್ಪಲಿಯೊಂದು ಕಾಲಿನಿಂದ ಜಾರಿ ಮೇಜಿನ ಅಡಿಗೆ ಹೋಗಿತ್ತು. ಬಗ್ಗಿ ಅದನ್ನು ತೆಗೆದು, ಕಾಲಿಗೆ ಸಿಗುವಂತೆ ಹತ್ತಿರ ಇಟ್ಟರು.

“ನನ್ನ ವಿಷಯ ಏನಾದರೂ ಹೇಳ್ತಿದ್ನಂತಾ?” ವೇದವತಿ ತಲೆಯೆತ್ತದೆ ಕೇಳಿದರು.

“ನನ್ನಕ್ಕ ಮೈಸೂರಲ್ಲಿ ಕಾಲೇಜಲ್ಲಿ ಪಾಠ ಮಾಡ್ತಾಳೆ, ನನಗಿಂತ ಚೆನ್ನಾಗಿ ಲೆಕ್ಕ ಬರುತ್ತೆ ಅವಳಿಗೆ ಅನ್ನೋರಂತೆ. ವಿಳಾಸ ಕೇಳಿದರೆ ನಕ್ಕು ಸುಮ್ಮನಾಗೋರಂತೆ. ಹೋದ ಮೇಲೆ ಸ್ವಾಮಿಗಳು ಪೆಟ್ಟಿಗೆ ಎಲ್ಲ ಹುಡುಕಿಸಿದರಂತೆ. ವಿಳಾಸ ಇರೋ ಒಂದು ಕಾಗದಾನೂ ಸಿಗಲಿಲ್ಲ.”

“ಯಾಕೆ ಬರೀಲಿಲ್ಲ? ಹನ್ನೆರಡು ವರ್ಷ, ಒಂದೂವರೆ ಗಂಟೆ ದೂರದಲ್ಲಿ. ಯಾಕೆ?”

“ಅದು ಗೊತ್ತಿಲ್ಲ ಅಮ್ಮ.”

ವೇದವತಿ ಸೆರಗಿನಿಂದ ಮುಖ ಒರೆಸಿಕೊಂಡರು. ತೆರೆಯನ್ನು ನೋಡಿ, ಕೂಡಲೇ ಕಣ್ಣು ಬೇರೆ ಕಡೆಗೆ ತಿರುಗಿಸಿದರು. ನಿನ್ನೆ ನೋಡಿ ನೋಡಿ ತಣಿಯದಿದ್ದ ಕಣ್ಣುಗಳನ್ನು ಇವತ್ತು ನೋಡಲಾಗುತ್ತಿರಲಿಲ್ಲ.

“ನೀವು ಅವನನ್ನ ನೋಡಿದೀರಿ” ಎಂದರು. “ಕಣ್ಣು ಬರೆಯೋಕೆ ಮುಂಚೆ. ಹೇಗಿತ್ತು ಮುಖ? ಸಮಾಧಾನವಾಗಿತ್ತಾ?”

ಹೂಂ ಅನ್ನಿ ಎಂದು ವಿಭಾಳ ಕಣ್ಣು ಬೇಡುತ್ತಿತ್ತು. ಪ್ರೇಮಲೀಲಾ ನಿನ್ನೆ ಸಂಜೆಯಿಂದ ನೆನಪಿಸಿಕೊಳ್ಳಲು ಹೆಣಗಿದ್ದರು. ಆ ವಾರ ಬಂದದ್ದು ನಾಲ್ಕೋ ಐದೋ ಫೋಟೋ. ಮೇಜು, ಕುಂಚ, ನೀರಿನ ಬಟ್ಟಲು ನೆನಪಿತ್ತು. ಮುಖ ನೆನಪಿರಲಿಲ್ಲ.

“ನೆನಪಿಲ್ಲ ಅಮ್ಮ. ಇದೆ ಅಂತ ಹೇಳಬಹುದು. ಆದರೆ ಇಲ್ಲ.”

ವೇದವತಿ ತಲೆಯಾಡಿಸಿದರು. ಆ ಉತ್ತರ ಅವರನ್ನು ನೋಯಿಸಿದಂತೆ ಕಾಣಲಿಲ್ಲ. ಎರಡು ದಿನಗಳಲ್ಲಿ ಮೊದಲ ಸಲ ಅವರು ಪ್ರೇಮಲೀಲಾ ಮುಖವನ್ನು ಸರಿಯಾಗಿ ನೋಡಿದರು, ಇವಳೂ ತನ್ನಷ್ಟೇ ವಯಸ್ಸಾದವಳು ಎಂದು ಈಗ ಕಂಡಂತೆ.

“ಮುಚ್ಚಿಕೊಡ್ತೀರಾ?” ಎಂದರು.

“ಏನಮ್ಮ?”

“ಕಣ್ಣು. ಬಿಡಿಸಿದ್ದೀರಲ್ಲ, ಮುಚ್ಚಿಕೊಡಿ. ಈ ನೋಟ ಇಟ್ಟುಕೊಂಡು ನಾನು ಮನೆಗೆ ಹೋಗಲಾರೆ. ಅವನು ನೋಡದೇ ಇರೋದನ್ನ ನೋಡಿದ ಅಂದುಕೊಂಡು ನಾನು ಹೇಗೆ ಇರಲಿ?”

ಅಷ್ಟು ವರ್ಷದಲ್ಲಿ ಅದನ್ನು ಕೇಳಿದವರು ಒಬ್ಬರೂ ಇರಲಿಲ್ಲ. “ಮುಚ್ಚಬಹುದು” ಎಂದರು ಪ್ರೇಮಲೀಲಾ. “ಆದರೆ ಅದೂ ನಾನು ಬರೆದದ್ದೇ ಆಗುತ್ತಮ್ಮ. ಅವರ ರೆಪ್ಪೆ ಹೇಗಿತ್ತು ಅಂತ ನನಗೆ ಗೊತ್ತಿಲ್ಲ.”

“ನನಗೆ ಗೊತ್ತು.”

ವೇದವತಿ ಸ್ಟೂಲನ್ನು ಹತ್ತಿರ ಎಳೆದುಕೊಂಡು ತೆರೆಯ ಮುಂದೆ ಕೂತರು. ಪ್ರೇಮಲೀಲಾ ಕನ್ನಡಕ ಹಾಕಿಕೊಂಡು ಹಣೆಯ ಹತ್ತಿರದ ಚರ್ಮದ ಬಣ್ಣ ತೆಗೆದುಕೊಂಡರು. ಮೊದಲು ಬೆಳಕಿನ ಚುಕ್ಕೆಗಳು ಹೋದವು. ಆಮೇಲೆ ನಗುವಿನ ಗೆರೆ. ಅದು ಹೋದಾಗ ಮುಖ ಒಮ್ಮೆಲೇ ಬಳಲಿದಂತೆ ಕಂಡಿತು. ವಿಭಾ ಗೋಡೆಯ ಕಡೆ ತಿರುಗಿಕೊಂಡಳು. ಮೇಲಿನ ರೆಪ್ಪೆ ಕೂದಲೆಳೆ ಕೂದಲೆಳೆಯಾಗಿ ಕೆಳಗಿಳಿಯಿತು.

“ಫಿಟ್ಸ್ ಬಂದು ಹೋದ ಮೇಲೆ ಎರಡು ಮೂರು ಗಂಟೆ ಮಲಗಿಬಿಡೋನು” ಎಂದರು ವೇದವತಿ. “ನನ್ನ ತೊಡೆ ಮೇಲೇ. ಕಾಲು ಜೋಮು ಹಿಡಿದರೂ ನಾನು ಅಲ್ಲಾಡ್ತಿರಲಿಲ್ಲ. ಸ್ವಲ್ಪ ದಪ್ಪ ಮಾಡಿ ರೆಪ್ಪೆನ. ಊದಿಕೊಳ್ಳೋದು. ಹಾಂ, ಹಾಗೆ. ಇಲ್ಲಿ, ಮೂಗಿನ ಹತ್ತಿರ ಒಂದು ಮಡಿಕೆ.”

ಪ್ರೇಮಲೀಲಾ ಮಡಿಕೆ ಬರೆದರು.

“ಎಡಗಣ್ಣು ಪೂರ್ತಿ ಮುಚ್ಚಬೇಡಿ. ಅದೊಂದು ಚೂರು ತೆರೆದೇ ಇರೋದು, ನಿದ್ದೇಲೂ. ಅಷ್ಟಲ್ಲ, ಇನ್ನೂ ಕಮ್ಮಿ. ಒಂದು ಅಕ್ಕಿಕಾಳು ಬಿದ್ದುಹೋಗೋವಷ್ಟು.” ಅವರ ಬೆರಳು ಗಾಜನ್ನು ಮುಟ್ಟುವಷ್ಟು ಹತ್ತಿರ ಹೋಗಿ, ಮುಟ್ಟದೆ ನಿಂತಿತು. “ಸಾಕು. ಅಷ್ಟೇ. ಹೀಗೇ ಇರೋನು.”

ಪ್ರೇಮಲೀಲಾ ಮೌಸಿನಿಂದ ಕೈ ತೆಗೆದರು. ಮೂವರೂ ನೋಡುತ್ತ ಕೂತರು. ಏನಾದರೂ ಬೇಕಿತ್ತೇನೋ ಎಂದು ಗುರುಕಿರಣ ಬಾಗಿಲಿಗೆ ಬಂದ. ಅವನು ಇನ್ನೂ ಬಾಯಿ ತೆರೆದಿರಲಿಲ್ಲ.

“ಶ್…” ಎಂದರು ವೇದವತಿ.